ಅಂಕ ಪದ್ಧತಿಯ ಕೌಶಲ್ಯಾಧಾರಿತ ವಲಸೆ ವೀಸಾ: ಅರ್ಜಿದಾರರ ಗಮನಕ್ಕೆ

ಆಸ್ಟ್ರೇಲಿಯಾ ಮತ್ತು ಕೆನಡಾ ದೇಶಗಳು ವಿದೇಶಿ ವೃತ್ತಿಪರರಿಗೆ ಕಾಯಂ ವಾಸದ ವೀಸಾ ನೀಡುವಾಗ ವಯಸ್ಸು, ವಿದ್ಯಾರ್ಹತೆ, ಭಾಷಾ ಸಾಮರ್ಥ್ಯ, ಉದ್ಯೋಗಾನುಭವ ಮೊದಲಾದ ಅಂಶಗಳಿಗೆ ನಿಗದಿತ ಅಂಕಗಳನ್ನು ನೀಡಿ, ಅವುಗಳ ಮೊತ್ತದ ಆಧಾರದ ಮೇಲೆ ಅಭ್ಯರ್ಥಿಗಳನ್ನು ಆಯ್ಕೆ ಮಾಡುತ್ತವೆ. ಈ ವ್ಯವಸ್ಥೆಗೆ ಅಂಕ ಪದ್ಧತಿ ಎಂದು ಹೆಸರು. ವಿದೇಶದಲ್ಲಿ ಮೊದಲೇ ಕೆಲಸ ದೊರೆತಿರಬೇಕೆಂಬ ನಿಬಂಧನೆ ಇದರ ಮುಖ್ಯ ವರ್ಗಗಳಲ್ಲಿ ಇಲ್ಲದಿರುವುದರಿಂದ ಮಾಹಿತಿ ತಂತ್ರಜ್ಞಾನ, ಇಂಜಿನಿಯರಿಂಗ್, ನರ್ಸಿಂಗ್ ಮುಂತಾದ ಕ್ಷೇತ್ರಗಳಲ್ಲಿ ದುಡಿಯುತ್ತಿರುವವರು ಈ ಮಾರ್ಗವನ್ನು ಆರಿಸಿಕೊಳ್ಳುತ್ತಾರೆ.

ವೀಸಾ ನೀಡುವ ಅಥವಾ ನಿರಾಕರಿಸುವ ಅಧಿಕಾರವು ಸಂಪೂರ್ಣವಾಗಿ ಆಯಾ ದೇಶದ ಸರ್ಕಾರಕ್ಕೆ ಸೇರಿದ್ದು. ಆದರೆ ಪದ್ಧತಿಯನ್ನು ತಪ್ಪಾಗಿ ಗ್ರಹಿಸಿದ ಕಾರಣಕ್ಕೆ ಅರ್ಹರಾದವರ ಅರ್ಜಿಯೂ ತಿರಸ್ಕೃತವಾಗುವುದುಂಟು. ಅಂತಹ ತಿರಸ್ಕಾರವನ್ನು ತಪ್ಪಿಸಿಕೊಳ್ಳುವುದು ಬಹುಮಟ್ಟಿಗೆ ಅರ್ಜಿದಾರರ ಕೈಯಲ್ಲಿಯೇ ಇದೆ. ಈ ದೃಷ್ಟಿಯಿಂದ ಅಂಕಗಳನ್ನು ಎಣಿಸುವ ಬಗೆಯನ್ನು ಇಲ್ಲಿ ವಿವರಿಸಲಾಗಿದೆ.

ಅರ್ಹತಾ ಅಂಕವೇ ಬೇರೆ, ಆಹ್ವಾನದ ಅಂಕವೇ ಬೇರೆ

ಆಸ್ಟ್ರೇಲಿಯಾದ ಕೌಶಲ್ಯ ವೀಸಾಗಳಿಗೆ 65 ಅಂಕಗಳು ಬೇಕು, ಕೆನಡಾದ ಫೆಡರಲ್ ಕುಶಲ ಕಾರ್ಮಿಕರ ವರ್ಗಕ್ಕೆ 67 ಅಂಕಗಳು ಬೇಕು ಎಂಬುದು ಬಹುತೇಕ ಎಲ್ಲ ಅರ್ಜಿದಾರರಿಗೂ ತಿಳಿದಿರುತ್ತದೆ. ಇಷ್ಟು ಅಂಕಗಳಾದರೆ ವೀಸಾ ಖಚಿತ ಎಂದು ಭಾವಿಸುವುದೇ ಮೊದಲನೆಯ ತಪ್ಪು. ಈ ಅಂಕಗಳು ಸ್ಪರ್ಧೆಗೆ ಪ್ರವೇಶ ದೊರಕಿಸಿಕೊಡುತ್ತವೆಯೇ ಹೊರತು ವೀಸಾವನ್ನಲ್ಲ.

ರಾಜ್ಯದ ಸಾಮಾನ್ಯ ಪ್ರವೇಶ ಪರೀಕ್ಷೆಯನ್ನು ಬಲ್ಲವರಿಗೆ ಈ ವ್ಯತ್ಯಾಸವನ್ನು ತಿಳಿಯುವುದು ಕಷ್ಟವಲ್ಲ. ಪಿಯುಸಿಯಲ್ಲಿ ನಿಗದಿತ ಶೇಕಡಾವಾರು ಅಂಕ ಪಡೆದ ವಿದ್ಯಾರ್ಥಿಯು ಸಿಇಟಿ ಸೀಟಿಗೆ ಅರ್ಹನಾಗುತ್ತಾನೆ; ಆದರೆ ಯಾವ ಕಾಲೇಜಿನಲ್ಲಿ ಸೀಟು ದೊರೆಯುತ್ತದೆ, ದೊರೆಯುತ್ತದೆಯೋ ಇಲ್ಲವೋ ಎಂಬುದನ್ನು ರ‍್ಯಾಂಕ್ ನಿರ್ಧರಿಸುತ್ತದೆ. ಕೊನೆಯ ಸೀಟು ಎಷ್ಟನೆಯ ರ‍್ಯಾಂಕಿಗೆ ಹೋಯಿತು ಎಂಬುದು ಹಂಚಿಕೆ ಮುಗಿದ ಮೇಲಷ್ಟೇ ಗೊತ್ತಾಗುತ್ತದೆ. ವಲಸೆಯ ಅಂಕ ಪದ್ಧತಿಯೂ ಹೀಗೆಯೇ. ಅರ್ಹರೆಲ್ಲರ ಹೆಸರು ಒಂದು ಪಟ್ಟಿಗೆ ಸೇರುತ್ತದೆ. ಸರ್ಕಾರವು ಕಾಲಕಾಲಕ್ಕೆ ಆ ಪಟ್ಟಿಯ ಮೇಲ್ತುದಿಯಿಂದ ಇಂತಿಷ್ಟು ಜನರಿಗೆ ವೀಸಾ ಅರ್ಜಿ ಸಲ್ಲಿಸುವಂತೆ ಆಹ್ವಾನ ಕಳುಹಿಸುತ್ತದೆ. ಆಹ್ವಾನ ಬಾರದವರು ವೀಸಾ ಅರ್ಜಿಯನ್ನು ಸಲ್ಲಿಸುವಂತೆಯೇ ಇಲ್ಲ. ಹಿಂದಿನ ಸುತ್ತಿನಲ್ಲಿ ಆಹ್ವಾನ ಪಡೆದ ಕೊನೆಯವರ ಅಂಕವನ್ನು ಎರಡೂ ದೇಶಗಳು ಪ್ರಕಟಿಸುತ್ತವೆ. ಅದು ಮುಂದಿನ ಸುತ್ತಿಗೆ ಸೂಚನೆ ಮಾತ್ರ; ಭರವಸೆಯಲ್ಲ.

ಪದ್ಧತಿ ಬೆಳೆದು ಬಂದ ಬಗೆ

ಅಂಕ ಪದ್ಧತಿಯನ್ನು ಮೊದಲು ಜಾರಿಗೆ ತಂದ ದೇಶ ಕೆನಡಾ. 1967ರ ಅಕ್ಟೋಬರ್ 1ರಿಂದ ಜಾರಿಗೆ ಬಂದ ನಿಯಮಗಳು ವಲಸೆಗಾರನ ಮೂಲದೇಶ ಮತ್ತು ಜನಾಂಗವನ್ನು ನೋಡುವುದನ್ನು ಬಿಟ್ಟು, ಆತನ ಶಿಕ್ಷಣ, ವೃತ್ತಿ, ವಯಸ್ಸು, ಭಾಷೆ ಮುಂತಾದ ಒಂಬತ್ತು ಅಂಶಗಳನ್ನು ಅಳೆಯತೊಡಗಿದವು. 100ಕ್ಕೆ 50 ಅಂಕ ಬಂದರೆ ಸಾಕಾಗಿತ್ತು. ಅಲ್ಲಿಯವರೆಗೆ ಯುರೋಪಿನವರಿಗೆ ಮೀಸಲಾದಂತಿದ್ದ ಬಾಗಿಲು ಭಾರತೀಯರಿಗೂ ತೆರೆದದ್ದು ಈ ಬದಲಾವಣೆಯಿಂದ. ಆಸ್ಟ್ರೇಲಿಯಾವು ಬಿಳಿಯರಿಗೆ ಮಾತ್ರ ಆದ್ಯತೆ ನೀಡುವ ನೀತಿಯನ್ನು 1973ರಲ್ಲಿ ಕೈಬಿಟ್ಟು, 1979ರಲ್ಲಿ ತನ್ನದೇ ಅಂಕ ಪದ್ಧತಿಯನ್ನು ರೂಪಿಸಿತು.

ಆಗ ಅರ್ಹತಾ ಅಂಕ ಪಡೆದವರೆಲ್ಲರೂ ಸರದಿಯಲ್ಲಿ ನಿಲ್ಲುತ್ತಿದ್ದರು. ಮೊದಲು ಬಂದವರ ಅರ್ಜಿ ಮೊದಲು ಇತ್ಯರ್ಥವಾಗುತ್ತಿತ್ತು. ವರ್ಷಕ್ಕೆ ನೀಡುವ ವೀಸಾಗಳಿಗಿಂತ ಬರುವ ಅರ್ಜಿಗಳೇ ಹೆಚ್ಚಾದಾಗ ಸರದಿ ಬೆಳೆಯುತ್ತಾ ಹೋಯಿತು. ಕೆನಡಾದಲ್ಲಿ ಇದು ಎಷ್ಟು ವಿಕೋಪಕ್ಕೆ ಹೋಯಿತೆಂದರೆ, 2008ರ ಫೆಬ್ರವರಿ 27ಕ್ಕೆ ಮುಂಚೆ ಸಲ್ಲಿಕೆಯಾಗಿ ತೀರ್ಮಾನವಾಗದೆ ಉಳಿದಿದ್ದ ಕುಶಲ ಕಾರ್ಮಿಕರ ಅರ್ಜಿಗಳನ್ನು 2012ರಲ್ಲಿ ಕಾನೂನಿನ ಮೂಲಕವೇ ಮುಕ್ತಾಯಗೊಳಿಸಿ, ಶುಲ್ಕವನ್ನು ಹಿಂದಿರುಗಿಸಲಾಯಿತು. ಕುಟುಂಬದವರನ್ನೂ ಸೇರಿಸಿ ಸುಮಾರು 2,80,000 ಜನರು ಇದರಿಂದ ಬಾಧಿತರಾದರು. ವರ್ಷಗಟ್ಟಲೆ ಕಾದವರಿಗೆ ಶುಲ್ಕ ಮರಳಿತೇ ಹೊರತು ಕಾದ ವರ್ಷಗಳು ಮರಳಲಿಲ್ಲ.

ಇಂತಹ ಸರದಿಯೇ ಬೆಳೆಯದಂತೆ ಮಾಡುವ ಉಪಾಯವನ್ನು ನ್ಯೂಜಿಲೆಂಡ್ 2003ರಲ್ಲಿ ಕಂಡುಕೊಂಡಿತು. ಅಭ್ಯರ್ಥಿಯು ಮೊದಲು ಆಸಕ್ತಿಯನ್ನು ಮಾತ್ರ ನಿವೇದಿಸಿಕೊಳ್ಳಬೇಕು. ಸರ್ಕಾರಕ್ಕೆ ಬೇಕೆನಿಸಿದವರನ್ನು ಅದು ಕರೆಯುತ್ತದೆ. ಆಸ್ಟ್ರೇಲಿಯಾ ಇದನ್ನು 2012ರ ಜುಲೈ 1ರಿಂದ ‘ಸ್ಕಿಲ್‌ಸೆಲೆಕ್ಟ್’ ಹೆಸರಿನಲ್ಲಿಯೂ, ಕೆನಡಾ 2015ರ ಜನವರಿ 1ರಿಂದ ‘ಎಕ್ಸ್‌ಪ್ರೆಸ್ ಎಂಟ್ರಿ’ ಹೆಸರಿನಲ್ಲಿಯೂ ಅಳವಡಿಸಿಕೊಂಡವು. ಅರ್ಜಿದಾರರ ದೃಷ್ಟಿಯಿಂದ ಇದರಲ್ಲಾದ ಬದಲಾವಣೆ ದೊಡ್ಡದು. ಹಿಂದೆ ಕಾಯುವವರ ಸ್ಥಾನ ದಿನದಿನಕ್ಕೂ ಮುಂದೆ ಸರಿಯುತ್ತಿತ್ತು. ಈಗ ಕಾಯುವುದರಿಂದ ಸ್ಥಾನ ಸುಧಾರಿಸುವುದಿಲ್ಲ. ವಯಸ್ಸು ಏರಿದಂತೆ ಕುಸಿಯಲೂಬಹುದು.

ಆಸ್ಟ್ರೇಲಿಯಾದಲ್ಲಿ ಅಂಕಗಳ ಹಂಚಿಕೆ

ಅರ್ಜಿದಾರರ ವೃತ್ತಿಯು ಸರ್ಕಾರದ ವೃತ್ತಿಪಟ್ಟಿಯಲ್ಲಿ ಇರಬೇಕು. ಆ ವೃತ್ತಿಗೆ ನಿಯೋಜಿತವಾದ ಸಂಸ್ಥೆಯಿಂದ ಕೌಶಲ್ಯ ಮೌಲ್ಯಮಾಪನ ಪತ್ರವನ್ನು ಮೊದಲೇ ಪಡೆದಿರಬೇಕು. ಕಂಪ್ಯೂಟರ್ ಕ್ಷೇತ್ರದವರಿಗೆ ಆಸ್ಟ್ರೇಲಿಯನ್ ಕಂಪ್ಯೂಟರ್ ಸೊಸೈಟಿ, ಇಂಜಿನಿಯರುಗಳಿಗೆ ಇಂಜಿನಿಯರ್ಸ್ ಆಸ್ಟ್ರೇಲಿಯಾ ಅಂತಹ ಸಂಸ್ಥೆಗಳು. ಇದಾದ ಬಳಿಕವೇ ಅಂಕಗಳ ಮಾತು.

2019ರ ನವೆಂಬರ್ 16ರಂದು ಜಾರಿಗೆ ಬಂದ ಅಂಕಪಟ್ಟಿಯ ಪ್ರಕಾರ 18ರಿಂದ 24 ವರ್ಷದವರಿಗೆ 25, 25ರಿಂದ 32 ವರ್ಷದವರಿಗೆ 30, 33ರಿಂದ 39 ವರ್ಷದವರಿಗೆ 25, 40ರಿಂದ 44 ವರ್ಷದವರಿಗೆ 15 ಅಂಕಗಳು ದೊರೆಯುತ್ತವೆ. 45 ತುಂಬಿದವರಿಗೆ ಆಹ್ವಾನವಿಲ್ಲ. ಪದವಿ ಅಥವಾ ಸ್ನಾತಕೋತ್ತರ ಪದವಿಗೆ 15, ಡಾಕ್ಟರೇಟಿಗೆ 20 ಅಂಕಗಳು. ಎಂ.ಟೆಕ್. ಮಾಡಿದವರಿಗೂ ಬಿ.ಇ. ಮಾಡಿದವರಿಗೂ ಇಲ್ಲಿ ಅಂಕದಲ್ಲಿ ವ್ಯತ್ಯಾಸವಿಲ್ಲ ಎಂಬುದನ್ನು ಗಮನಿಸತಕ್ಕದ್ದು. ಇಂಗ್ಲಿಷ್ ಭಾಷೆಯಲ್ಲಿ ಮೂರು ಮಟ್ಟಗಳಿವೆ: ಕನಿಷ್ಠ ಮಟ್ಟವು ಕಡ್ಡಾಯ, ಆದರೆ ಅದಕ್ಕೆ ಅಂಕವಿಲ್ಲ, ಅದರ ಮೇಲಿನದಕ್ಕೆ 10, ಅತ್ಯುನ್ನತ ಮಟ್ಟಕ್ಕೆ 20. ಆಸ್ಟ್ರೇಲಿಯಾದ ಹೊರಗಿನ ಉದ್ಯೋಗಾನುಭವಕ್ಕೆ 3 ವರ್ಷ ತುಂಬಿದರೆ 5, 5 ವರ್ಷಕ್ಕೆ 10, 8 ವರ್ಷಕ್ಕೆ 15 ಅಂಕಗಳು. ಆ ದೇಶದಲ್ಲಿಯೇ ಓದಿದವರಿಗೆ ಮತ್ತು ದುಡಿದವರಿಗೆ ಪ್ರತ್ಯೇಕ ಅಂಕಗಳಿವೆ.

ಉಪವರ್ಗ 189ರ ವೀಸಾಕ್ಕೆ ಯಾರ ನಾಮನಿರ್ದೇಶನವೂ ಬೇಕಿಲ್ಲ. ಉಪವರ್ಗ 190ರಲ್ಲಿ ಅಲ್ಲಿನ ಯಾವುದಾದರೊಂದು ರಾಜ್ಯ ಸರ್ಕಾರ ನಾಮನಿರ್ದೇಶನ ಮಾಡಿದರೆ 5 ಅಂಕಗಳೂ, ಉಪವರ್ಗ 491ರಲ್ಲಿ 15 ಅಂಕಗಳೂ ಸೇರುತ್ತವೆ. 491 ಎಂಬುದು ಐದು ವರ್ಷಗಳ ತಾತ್ಕಾಲಿಕ ವೀಸಾ. ಅದನ್ನು ಪಡೆದವರು ಸಿಡ್ನಿ, ಮೆಲ್ಬರ್ನ್, ಬ್ರಿಸ್ಬೇನ್ ನಗರ ಪ್ರದೇಶಗಳನ್ನು ಬಿಟ್ಟು ಉಳಿದ ಕಡೆ ವಾಸಿಸಬೇಕಾಗುತ್ತದೆ. ಕಾಯಂ ವೀಸಾವೆಂದು ಭಾವಿಸಿ ಇದಕ್ಕೆ ಒಪ್ಪಿಕೊಳ್ಳುವುದು ಸರಿಯಲ್ಲ.

ಕನ್ನಡಕ್ಕೆ 5 ಅಂಕಗಳು

ಅಷ್ಟಾಗಿ ಪ್ರಚಾರದಲ್ಲಿಲ್ಲದ ಒಂದು ಅವಕಾಶ ಕನ್ನಡಿಗರಿಗೆ ಇದೆ. ಆಸ್ಟ್ರೇಲಿಯಾದಲ್ಲಿ ಅನುವಾದಕರಿಗೆ ಮಾನ್ಯತೆ ನೀಡುವ ‘ನಾಟಿ’ ಸಂಸ್ಥೆಯು ಸಮುದಾಯ ಭಾಷೆಗಳಲ್ಲಿ ನಡೆಸುವ ಪರೀಕ್ಷೆಯಲ್ಲಿ ಉತ್ತೀರ್ಣರಾದವರಿಗೆ 5 ಅಂಕಗಳನ್ನು ನೀಡಲಾಗುತ್ತದೆ. ಕನ್ನಡವೂ ಆ ಭಾಷೆಗಳಲ್ಲಿ ಒಂದು. ಇಂಗ್ಲಿಷ್ ಮಾತನಾಡುವ ಒಬ್ಬರು ಮತ್ತು ಕನ್ನಡ ಮಾತನಾಡುವ ಒಬ್ಬರ ನಡುವಿನ ಎರಡು ಸಂಭಾಷಣೆಗಳನ್ನು ಕೇಳಿಸಲಾಗುತ್ತದೆ. ಅಭ್ಯರ್ಥಿಯು ಒಬ್ಬರ ಮಾತನ್ನು ಇನ್ನೊಬ್ಬರ ಭಾಷೆಗೆ ಆಗಿಂದಾಗ್ಗೆ ಹೇಳಬೇಕು. ಒಟ್ಟು 90ಕ್ಕೆ ಕನಿಷ್ಠ 63 ಅಂಕಗಳು, ಪ್ರತಿ ಸಂಭಾಷಣೆಯಲ್ಲಿ 45ಕ್ಕೆ ಕನಿಷ್ಠ 29 ಅಂಕಗಳು ಬೇಕು.

ಮನೆಮಾತು ಕನ್ನಡವಾದ ಮಾತ್ರಕ್ಕೆ ಇದು ಸುಲಭವೆಂದು ತಿಳಿಯಬಾರದು. ಸಂಭಾಷಣೆಗಳು ಆಸ್ಪತ್ರೆ, ನ್ಯಾಯಾಲಯ, ವಿಮೆ, ಮನೆ ಬಾಡಿಗೆ, ಮಕ್ಕಳ ಶಾಲೆ ಮುಂತಾದ ವಿಷಯಗಳ ಮೇಲಿರುತ್ತವೆ. ಇಂಗ್ಲಿಷ್ ಮಾಧ್ಯಮದಲ್ಲಿ ಓದಿ, ಅರ್ಧ ಇಂಗ್ಲಿಷ್ ಬೆರೆಸಿ ಮಾತನಾಡುವ ರೂಢಿಯುಳ್ಳವರಿಗೆ ಜಾಮೀನು, ರಕ್ತದೊತ್ತಡ, ಬಾಡಿಗೆ ಕರಾರು, ಪರಿಹಾರಧನ ಎಂಬ ಪದಗಳು ಆ ಕ್ಷಣದಲ್ಲಿ ನಾಲಿಗೆಗೆ ಬರುವುದು ಕಷ್ಟ. ಕನ್ನಡ ದಿನಪತ್ರಿಕೆಯನ್ನು ಕೆಲವು ತಿಂಗಳು ಗಟ್ಟಿಯಾಗಿ ಓದುವುದು ಒಳ್ಳೆಯ ಸಿದ್ಧತೆ. ಅದಕ್ಕೆ ತರಬೇತಿ ಶುಲ್ಕವೇನೂ ಇಲ್ಲ.

ಪತಿ ಅಥವಾ ಪತ್ನಿಯ ಅಂಕಗಳು

ಅವಿವಾಹಿತ ಅರ್ಜಿದಾರರಿಗೆ 10 ಅಂಕಗಳು ದೊರೆಯುತ್ತವೆ. ವಿವಾಹಿತರಿಗೂ 10 ಅಂಕಗಳು ದೊರೆಯಬೇಕಾದರೆ ಪತಿ ಅಥವಾ ಪತ್ನಿಯು 45 ವರ್ಷದೊಳಗಿನವರಾಗಿದ್ದು, ಅವರಿಗೂ ಕೌಶಲ್ಯ ಮೌಲ್ಯಮಾಪನ ಪತ್ರ ಮತ್ತು ಇಂಗ್ಲಿಷಿನ ಕನಿಷ್ಠ ಮಟ್ಟ ಇರಬೇಕು. ಇಂಗ್ಲಿಷ್ ಮಾತ್ರ ಇದ್ದರೆ 5 ಅಂಕಗಳು. ಯಾವುದೂ ಇಲ್ಲದಿದ್ದರೆ ಸೊನ್ನೆ. ಸಂಗಾತಿಯು ಆಸ್ಟ್ರೇಲಿಯಾದ ಪ್ರಜೆ ಅಥವಾ ಕಾಯಂ ನಿವಾಸಿಯಾಗಿದ್ದರೆ ಪೂರ್ಣ 10 ಅಂಕಗಳಿವೆ.

ಸಂಸಾರದ ಕಾರಣಕ್ಕೆ ಕೆಲಸ ಬಿಟ್ಟ ಪದವೀಧರೆ ಪತ್ನಿಯ ಹೆಸರಿನಲ್ಲಿ ಒಂದು ಭಾಷಾ ಪರೀಕ್ಷೆಯನ್ನೂ ಬರೆಸದೆ 5 ಅಂಕಗಳನ್ನು ಕೈಬಿಡುವ ಕುಟುಂಬಗಳಿವೆ. ಆಕೆಯ ವಿದ್ಯೆ ಮತ್ತು ಹಿಂದಿನ ಅನುಭವಗಳಿಗೆ ಮೌಲ್ಯಮಾಪನ ದೊರೆಯುವಂತಿದ್ದರೆ ಆ ನಷ್ಟ 10 ಅಂಕಗಳಷ್ಟಾಗುತ್ತದೆ. ಕೆಲವು ಸಂದರ್ಭಗಳಲ್ಲಿ ಪತ್ನಿಯನ್ನೇ ಮುಖ್ಯ ಅರ್ಜಿದಾರಳನ್ನಾಗಿ ಮಾಡಿದರೆ ಕುಟುಂಬದ ಒಟ್ಟು ಅಂಕ ಹೆಚ್ಚುತ್ತದೆ. ಇಬ್ಬರ ಲೆಕ್ಕವನ್ನೂ ಹಾಕಿ ನೋಡದೆ ತೀರ್ಮಾನಿಸುವುದು ಸೂಕ್ತವಲ್ಲ. ಅವಿವಾಹಿತರಿಗೆ ಸಿಗುವ 10 ಅಂಕಗಳ ಆಸೆಗೆ ವಿವಾಹವನ್ನು ಮರೆಮಾಚುವುದು ಸುಳ್ಳು ಮಾಹಿತಿ ನೀಡಿದಂತೆ. ಅದರ ಪರಿಣಾಮವನ್ನು ಮುಂದೆ ಹೇಳಲಾಗಿದೆ.

ಹೇಳಿಕೊಂಡ ಅಂಕ ಮತ್ತು ರುಜುವಾತಾದ ಅಂಕ

ಇಡೀ ಪದ್ಧತಿಯಲ್ಲಿ ಅತ್ಯಂತ ಎಚ್ಚರಿಕೆ ಬೇಕಾದ ಭಾಗ ಇದು.

ಸ್ಕಿಲ್‌ಸೆಲೆಕ್ಟ್‌ನಲ್ಲಿ ಆಸಕ್ತಿಯನ್ನು ನಿವೇದಿಸುವಾಗ ಯಾವ ದಾಖಲೆಯನ್ನೂ ಲಗತ್ತಿಸಬೇಕಾಗಿಲ್ಲ, ಶುಲ್ಕವೂ ಇಲ್ಲ. ಅರ್ಜಿದಾರರು ಭರ್ತಿ ಮಾಡಿದ ವಿವರಗಳಿಂದ ಗಣಕವು ಅಂಕಗಳನ್ನು ಎಣಿಸುತ್ತದೆ. ಆ ಅಂಕಗಳು ಅರ್ಜಿದಾರರು ತಾವಾಗಿಯೇ ಹೇಳಿಕೊಂಡವು. ಅಧಿಕಾರಿಯೊಬ್ಬರು ಅವುಗಳನ್ನು ಮೊದಲ ಬಾರಿಗೆ ಪರಿಶೀಲಿಸುವುದು ಆಹ್ವಾನ ಬಂದು, ವೀಸಾ ಅರ್ಜಿ ಸಲ್ಲಿಸಿ, ಸಾವಿರಾರು ಡಾಲರ್ ಶುಲ್ಕ ಪಾವತಿಸಿದ ನಂತರ. ಆಹ್ವಾನ ಪತ್ರದಲ್ಲಿ ಒಂದು ಅಂಕವನ್ನು ನಮೂದಿಸಲಾಗಿರುತ್ತದೆ. ಪರಿಶೀಲನೆಯಲ್ಲಿ ರುಜುವಾತಾದ ಅಂಕವು ಅದಕ್ಕಿಂತ ಕಡಿಮೆಯಾದರೆ ಅರ್ಜಿಯನ್ನು ತಿರಸ್ಕರಿಸಲಾಗುತ್ತದೆ. ಉಳಿದ ಅಂಕಗಳು 65ಕ್ಕಿಂತ ಹೆಚ್ಚೇ ಇದ್ದರೂ ಪ್ರಯೋಜನವಿಲ್ಲ. ಶುಲ್ಕವು ಸಾಮಾನ್ಯವಾಗಿ ಹಿಂದಿರುಗುವುದಿಲ್ಲ.

ಒಂದು ಉದಾಹರಣೆಯಿಂದ ಇದನ್ನು ಸ್ಪಷ್ಟಪಡಿಸಬಹುದು. ಬೆಂಗಳೂರಿನ ಒಂದು ಸಾಫ್ಟ್‌ವೇರ್ ಸಂಸ್ಥೆಯಲ್ಲಿ 6 ವರ್ಷ ಕೆಲಸ ಮಾಡಿದ, 31 ವರ್ಷದ, ಅವಿವಾಹಿತ ಬಿ.ಇ. ಪದವೀಧರನೊಬ್ಬನನ್ನು ಭಾವಿಸೋಣ. ವಯಸ್ಸಿಗೆ 30, ಪದವಿಗೆ 15, ಅತ್ಯುನ್ನತ ಮಟ್ಟದ ಇಂಗ್ಲಿಷಿಗೆ 20, ಅವಿವಾಹಿತನಾದುದಕ್ಕೆ 10, ಆರು ವರ್ಷಗಳ ಅನುಭವಕ್ಕೆ 10 – ಒಟ್ಟು 85 ಎಂದು ಆತ ಲೆಕ್ಕ ಹಾಕುತ್ತಾನೆ. ಆದರೆ ಆಸ್ಟ್ರೇಲಿಯನ್ ಕಂಪ್ಯೂಟರ್ ಸೊಸೈಟಿಯು ಪದವಿಯ ವಿಷಯಕ್ಕೂ ವೃತ್ತಿಗೂ ಇರುವ ಹೊಂದಾಣಿಕೆಯನ್ನು ನೋಡಿ, ಅನುಭವದ ಆರಂಭದ ವರ್ಷಗಳನ್ನು, ಸಾಮಾನ್ಯವಾಗಿ 2 ಅಥವಾ 4 ವರ್ಷಗಳನ್ನು, ಕೌಶಲ್ಯ ಗಳಿಸಿದ ಅವಧಿಯೆಂದು ಬಿಟ್ಟುಬಿಡುತ್ತದೆ. ಮೌಲ್ಯಮಾಪನ ಪತ್ರದಲ್ಲಿ ‘ಇಂತಹ ದಿನಾಂಕದ ನಂತರದ ಉದ್ಯೋಗವನ್ನು ಪರಿಗಣಿಸಬಹುದು’ ಎಂಬ ಒಂದು ಸಾಲು ಇರುತ್ತದೆ. ಈತನ ವಿಷಯದಲ್ಲಿ 2 ವರ್ಷ ಕಳೆದರೆ ಉಳಿಯುವುದು 4 ವರ್ಷ. ಅದಕ್ಕೆ 5 ಅಂಕಗಳು ಮಾತ್ರ. ನಿಜವಾದ ಮೊತ್ತ 80. ಆತನಿಗೆ 85 ಅಂಕಗಳ ಆಧಾರದ ಮೇಲೆ ಆಹ್ವಾನ ಬಂದಿದ್ದರೆ, ಅದನ್ನು ಒಪ್ಪಿ ಶುಲ್ಕ ಕಟ್ಟುವುದೆಂದರೆ ತಿರಸ್ಕಾರವನ್ನು ಹಣ ಕೊಟ್ಟು ಕೊಂಡಂತೆ. ಆತ ಸುಳ್ಳು ಹೇಳಿಲ್ಲ. ಪತ್ರದ ಒಂದು ಸಾಲನ್ನು ಓದಲಿಲ್ಲ, ಅಷ್ಟೆ.

ಗಣಕವು ತಾನಾಗಿಯೇ ಅಂಕಗಳನ್ನು ಬದಲಾಯಿಸುವ ಎರಡು ಸಂದರ್ಭಗಳನ್ನೂ ಅರಿತಿರಬೇಕು. ವಯಸ್ಸಿನ ಗಡಿ ದಾಟಿದ ದಿನ ಅಂಕ ಇಳಿಯುತ್ತದೆ: 33ನೆಯ ಹುಟ್ಟುಹಬ್ಬದಂದು 5, 40ನೆಯದರಂದು 10. ಲೆಕ್ಕಕ್ಕೆ ಬರುವುದು ಆಹ್ವಾನದ ದಿನದ ವಯಸ್ಸು; ಆಸಕ್ತಿ ನಿವೇದಿಸಿದ ದಿನದ್ದಲ್ಲ. ಇನ್ನೊಂದು, ಉದ್ಯೋಗದ ಕೊನೆಯ ದಿನಾಂಕವನ್ನು ಖಾಲಿ ಬಿಟ್ಟರೆ ಅನುಭವವು ಮುಂದುವರಿಯುತ್ತಿದೆ ಎಂದು ಭಾವಿಸಿ ಗಣಕವು ಅಂಕಗಳನ್ನು ಏರಿಸುತ್ತಾ ಹೋಗುತ್ತದೆ. ನಡುವೆ ಕೆಲಸ ಬಿಟ್ಟವರು ಅಥವಾ ಬೇರೆ ಬಗೆಯ ಕೆಲಸಕ್ಕೆ ಸೇರಿದವರು ಈ ಕಲಂ ತಿದ್ದುವುದನ್ನು ಮರೆತರೆ, ತಮಗೆ ಸಲ್ಲದ ಅಂಕದ ಮೇಲೆ ಆಹ್ವಾನ ಪಡೆಯುವ ಸಂಭವವಿದೆ.

ಸಮಾನ ಅಂಕವುಳ್ಳವರಲ್ಲಿ, ಆ ಅಂಕವನ್ನು ಮೊದಲು ತಲುಪಿದವರಿಗೆ ಆದ್ಯತೆ. ಆಹ್ವಾನ ಬಂದ 60 ದಿನಗಳೊಳಗೆ ವೀಸಾ ಅರ್ಜಿಯನ್ನು ಸಲ್ಲಿಸಬೇಕು. ಎರಡು ಆಹ್ವಾನಗಳನ್ನು ಬಳಸದೆ ಬಿಟ್ಟವರ ನಿವೇದನೆಯು ಪಟ್ಟಿಯಿಂದ ತೆಗೆದುಹಾಕಲ್ಪಡುತ್ತದೆ. ಅಂಕ ತಪ್ಪಾಗಿದೆ ಎಂದು ತಿಳಿದುಬಂದರೆ, ಆಹ್ವಾನವನ್ನು ಬಿಟ್ಟುಕೊಟ್ಟು ವಿವರಗಳನ್ನು ಸರಿಪಡಿಸಿ ಮತ್ತೆ ಕಾಯುವುದೇ ಲೇಸು.

ನಕಲಿ ದಾಖಲೆ ಅಥವಾ ದಾರಿತಪ್ಪಿಸುವ ಮಾಹಿತಿ ನೀಡಿದ್ದು ಕಂಡುಬಂದರೆ ವಿಷಯ ತಿರಸ್ಕಾರದಲ್ಲಿ ಮುಗಿಯುವುದಿಲ್ಲ. ಆಸ್ಟ್ರೇಲಿಯಾದಲ್ಲಿ ಅಂತಹವರು 3 ವರ್ಷಗಳ ಕಾಲ, ಗುರುತಿಗೆ ಸಂಬಂಧಿಸಿದ ವಂಚನೆಯಾದರೆ 10 ವರ್ಷಗಳ ಕಾಲ ವೀಸಾಕ್ಕೆ ಅನರ್ಹರಾಗುವುದುಂಟು. ಕೆನಡಾದಲ್ಲಿ ಈ ನಿಷೇಧವು 5 ವರ್ಷ. ಅರ್ಜಿಯಲ್ಲಿ ಸೇರಿರುವ ಕುಟುಂಬದ ಸದಸ್ಯರ ವೀಸಾ ಕೂಡ ಇದರೊಂದಿಗೆ ಕೈತಪ್ಪುತ್ತದೆ.

ಕೆನಡಾದ ಲೆಕ್ಕ

ಕೆನಡಾದಲ್ಲಿ ಎರಡು ಅಳತೆಗಳಿವೆ. ಇವೆರಡನ್ನೂ ಒಂದೆಂದು ತಿಳಿಯುವುದರಿಂದಲೇ ಬಹಳಷ್ಟು ಗೊಂದಲ ಹುಟ್ಟುತ್ತದೆ. 100ಕ್ಕೆ 67 ಅಂಕಗಳು ಎಂಬುದು ಫೆಡರಲ್ ಕುಶಲ ಕಾರ್ಮಿಕರ ವರ್ಗಕ್ಕೆ ಅರ್ಹತೆ. ಅರ್ಹರಾದ ಮೇಲೆ ಎಕ್ಸ್‌ಪ್ರೆಸ್ ಎಂಟ್ರಿ ಪಟ್ಟಿಯಲ್ಲಿ ಅವರ ಸ್ಥಾನವನ್ನು ನಿರ್ಧರಿಸುವುದು 1,200 ಅಂಕಗಳ ಸಮಗ್ರ ಶ್ರೇಯಾಂಕ. ಇದರಲ್ಲಿ 600 ಅಂಕಗಳು ವಯಸ್ಸು, ಶಿಕ್ಷಣ, ಭಾಷೆ, ಅನುಭವ ಮತ್ತು ಅವುಗಳ ಪರಸ್ಪರ ಹೊಂದಾಣಿಕೆಗೆ. ಉಳಿದ 600 ಹೆಚ್ಚುವರಿ ಅಂಶಗಳಿಗೆ. ಯಾವುದಾದರೊಂದು ಪ್ರಾಂತ್ಯ ಸರ್ಕಾರದ ನಾಮನಿರ್ದೇಶನ ದೊರೆತರೆ ಆ 600 ಅಂಕಗಳೂ ಒಮ್ಮೆಗೇ ಸೇರುತ್ತವೆ.

ವಯಸ್ಸಿನ ಅಂಕವು ಇಲ್ಲಿ ಮೆಟ್ಟಿಲುಗಳಲ್ಲಿ ಇಳಿಯದೆ ವರ್ಷವರ್ಷವೂ ಜಾರುತ್ತದೆ. ಸಂಗಾತಿಯಿಲ್ಲದ ಅರ್ಜಿದಾರರಿಗೆ 20ರಿಂದ 29 ವರ್ಷದವರೆಗೆ 110 ಅಂಕಗಳು, 30ಕ್ಕೆ 105, 35ಕ್ಕೆ 77, 40ಕ್ಕೆ 50, 45ಕ್ಕೆ ಸೊನ್ನೆ.

ಭಾಷಾ ಪರೀಕ್ಷೆಯ ಪ್ರಭಾವವು ಮೇಲ್ನೋಟಕ್ಕೆ ಕಾಣುವುದಕ್ಕಿಂತ ಬಹಳ ಹೆಚ್ಚು. 29 ವರ್ಷದ, ಅವಿವಾಹಿತೆಯಾದ, ಪದವಿ ಹಾಗೂ 3 ವರ್ಷಗಳ ಭಾರತೀಯ ಅನುಭವವುಳ್ಳ ಅಭ್ಯರ್ಥಿಯೊಬ್ಬಳು ಐಇಎಲ್‌ಟಿಎಸ್ ಪರೀಕ್ಷೆಯಲ್ಲಿ ಆಲಿಸುವಿಕೆಗೆ 8, ಓದು, ಬರಹ ಮತ್ತು ಮಾತಿಗೆ ತಲಾ 7 ಪಡೆದಳೆಂದು ಇಟ್ಟುಕೊಳ್ಳೋಣ. ವಯಸ್ಸಿಗೆ 110, ಪದವಿಗೆ 120, ಭಾಷೆಗೆ 124, ಭಾಷೆಯೊಂದಿಗೆ ಪದವಿ ಕೂಡಿದ್ದಕ್ಕೆ 25, ಭಾಷೆಯೊಂದಿಗೆ ಅನುಭವ ಕೂಡಿದ್ದಕ್ಕೆ 50 – ಒಟ್ಟು 429. ಆಕೆಗೆ ಆಲಿಸುವಿಕೆಯಲ್ಲಿ 8ರ ಬದಲು 7.5 ಬಂದಿದ್ದರೆ? ಭಾಷೆಯ ಅಂಕ 8ರಷ್ಟು ಇಳಿಯುತ್ತದೆ. ಅದರೊಂದಿಗೆ ಪದವಿಯ ಜೋಡಣೆಯ 25 ಅಂಕ 13ಕ್ಕೂ, ಅನುಭವದ ಜೋಡಣೆಯ 50 ಅಂಕ 25ಕ್ಕೂ ಕುಸಿಯುತ್ತವೆ. ಒಟ್ಟು 384. ಅರ್ಧ ಅಂಕದ ವ್ಯತ್ಯಾಸಕ್ಕೆ 45 ಅಂಕಗಳ ನಷ್ಟ. ಇನ್ನೊಂದು ವರ್ಷದ ಅನುಭವಕ್ಕಾಗಿ ಕಾಯುವುದಕ್ಕಿಂತ, ಪರೀಕ್ಷೆಯನ್ನು ಮತ್ತೊಮ್ಮೆ ಬರೆಯುವುದು ಇಂತಹವರಿಗೆ ಲಾಭಕರ. 3 ವರ್ಷಕ್ಕಿಂತ ಹೆಚ್ಚಿನ ವಿದೇಶಿ ಅನುಭವಕ್ಕೆ ಈ ಜೋಡಣೆಯಲ್ಲಿ ಹೆಚ್ಚುವರಿ ಅಂಕವೇ ಇಲ್ಲ; ಕಾಯುವವರ ವಯಸ್ಸು ಮಾತ್ರ ಏರುತ್ತದೆ.

ಇತ್ತೀಚಿನ ಎರಡು ಬದಲಾವಣೆಗಳನ್ನು ವಿಶೇಷವಾಗಿ ಗಮನಿಸಬೇಕು. 2023ರಿಂದ ಕೆನಡಾವು ಒಟ್ಟು ಅಂಕದ ಆಧಾರದ ಸುತ್ತುಗಳಲ್ಲದೆ, ಆರೋಗ್ಯ ಸೇವೆ, ಫ್ರೆಂಚ್ ಭಾಷೆ ಮುಂತಾದ ನಿರ್ದಿಷ್ಟ ವರ್ಗಗಳಿಗೆ ಪ್ರತ್ಯೇಕ ಸುತ್ತುಗಳನ್ನು ನಡೆಸುತ್ತಿದೆ. ಹೀಗಾಗಿ ಕಡಿಮೆ ಅಂಕವುಳ್ಳ ದಾದಿಗೆ ಆಹ್ವಾನ ಬಂದು, ಹೆಚ್ಚು ಅಂಕವುಳ್ಳ ಬೇರೊಬ್ಬರಿಗೆ ಬಾರದಿರಬಹುದು. ಎರಡನೆಯದಾಗಿ, ಕೆನಡಾದ ಉದ್ಯೋಗದಾತರ ನೇಮಕಾತಿ ಪತ್ರಕ್ಕೆ ದೊರೆಯುತ್ತಿದ್ದ 50 ಅಥವಾ 200 ಅಂಕಗಳನ್ನು 2025ರ ಮಾರ್ಚ್ 25ರಿಂದ ರದ್ದುಪಡಿಸಲಾಗಿದೆ. ಇಂತಹ ಪತ್ರಗಳ ಮಾರಾಟವನ್ನು ತಡೆಯುವುದು ಇದರ ಉದ್ದೇಶಗಳಲ್ಲಿ ಒಂದೆಂದು ಅಲ್ಲಿನ ಸರ್ಕಾರ ತಿಳಿಸಿತ್ತು. ಶ್ರೇಯಾಂಕ ಹೆಚ್ಚಿಸಿಕೊಡುವುದಾಗಿ ಹೇಳಿ ನೇಮಕಾತಿ ಪತ್ರಕ್ಕೆ ಯಾರಾದರೂ ಹಣ ಕೇಳಿದರೆ, ಅವರು ಮಾರುತ್ತಿರುವುದು ಬೆಲೆಯಿಲ್ಲದ ಕಾಗದ.

ಬ್ರಿಟನ್ನಿನ ವೀಸಾವನ್ನೂ ಅಂಕ ಪದ್ಧತಿ ಎಂದೇ ಕರೆಯಲಾಗುತ್ತದೆಯಾದರೂ, ಅಲ್ಲಿ ಕುಶಲ ಕಾರ್ಮಿಕರಿಗೆ ಪರವಾನಗಿ ಪಡೆದ ಉದ್ಯೋಗದಾತರ ಪ್ರಾಯೋಜನೆ ಕಡ್ಡಾಯ. ಶ್ರೇಯಾಂಕ ಪಟ್ಟಿಯೂ ಇಲ್ಲ. ಮೇಲಿನ ವಿವರಣೆ ಅದಕ್ಕೆ ಅನ್ವಯಿಸುವುದಿಲ್ಲ.

ಕರ್ನಾಟಕದ ಅರ್ಜಿದಾರರ ದಾಖಲೆಗಳು

ಅಂಕವು ದಾಖಲೆಯ ಬಲದಿಂದ ನಿಲ್ಲುತ್ತದೆ. 60 ದಿನಗಳಲ್ಲಿ ಎಲ್ಲವನ್ನೂ ಹೊಂದಿಸುವುದು ಕಷ್ಟವಾದ್ದರಿಂದ ಆಹ್ವಾನಕ್ಕೆ ಮುಂಚೆಯೇ ಸಿದ್ಧತೆ ನಡೆಸುವುದು ಅಗತ್ಯ.

ಮೊದಲ ತೊಡಕು ಹೆಸರಿನದು. ಊರಿನ ಹೆಸರು, ತಂದೆಯ ಹೆಸರುಗಳ ಮೊದಲಕ್ಷರಗಳನ್ನು ಇನಿಷಿಯಲ್ ಆಗಿ ಬಳಸುವ ರೂಢಿ ರಾಜ್ಯದಲ್ಲಿ ವ್ಯಾಪಕವಾಗಿದೆ. ಎಸ್‌ಎಸ್‌ಎಲ್‌ಸಿ ಅಂಕಪಟ್ಟಿಯಲ್ಲಿ ಇನಿಷಿಯಲ್ ಮಾತ್ರ, ಪದವಿ ಪ್ರಮಾಣಪತ್ರದಲ್ಲಿ ಇನಿಷಿಯಲ್ ಹೆಸರಿನ ಕೊನೆಗೆ, ಪಾಸ್‌ಪೋರ್ಟಿನಲ್ಲಿ ಅದು ವಿಸ್ತರಿಸಲ್ಪಟ್ಟು ಉಪನಾಮದ ಜಾಗದಲ್ಲಿ ಇರುವುದು ಸಾಮಾನ್ಯ. ವಿದೇಶದ ಅಧಿಕಾರಿಗೆ ಇವರು ಮೂವರು ಬೇರೆ ಬೇರೆ ವ್ಯಕ್ತಿಗಳಂತೆ ಕಾಣುತ್ತಾರೆ. ಎಲ್ಲ ಅರ್ಜಿಗಳಲ್ಲಿ ಪಾಸ್‌ಪೋರ್ಟಿನಲ್ಲಿರುವಂತೆಯೇ ಹೆಸರನ್ನು ಬರೆದು, ಉಳಿದ ರೂಪಗಳೂ ತಮ್ಮವೇ ಎಂದು ನೋಟರಿಯ ಮುಂದೆ ಮಾಡಿದ ಪ್ರಮಾಣಪತ್ರವನ್ನು ಲಗತ್ತಿಸುವುದು ಸೂಕ್ತ.

ಉದ್ಯೋಗಾನುಭವಕ್ಕೆ ಬಿಡುಗಡೆ ಪತ್ರವೊಂದೇ ಸಾಲದು. ನಿರ್ವಹಿಸಿದ ಕೆಲಸದ ಸ್ವರೂಪ, ವಾರದ ಗಂಟೆಗಳು, ಅವಧಿ ಮತ್ತು ವೇತನವನ್ನು ನಮೂದಿಸಿದ ಪತ್ರವು ಸಂಸ್ಥೆಯ ಲೆಟರ್‌ಹೆಡ್‌ನಲ್ಲಿ ಇರಬೇಕು. ಸಂಬಳ ಚೀಟಿ, ಫಾರಂ 16, ಭವಿಷ್ಯ ನಿಧಿಯ ವಿವರ, ಬ್ಯಾಂಕ್ ಪಾಸ್‌ಪುಸ್ತಕಗಳು ಅದಕ್ಕೆ ಬೆಂಬಲ. ನಗದಾಗಿ ಸಂಬಳ ಪಡೆದ ವರ್ಷಗಳಿಗೆ ಇಂತಹ ಬೆಂಬಲ ಇರುವುದಿಲ್ಲ. ಅಂತಹ ಅವಧಿಗೆ ಅಂಕ ಹೇಳಿಕೊಳ್ಳುವ ಮುನ್ನ ಎರಡು ಬಾರಿ ಯೋಚಿಸಬೇಕು. ಕನ್ನಡದಲ್ಲಿರುವ ಜನನ ಪ್ರಮಾಣಪತ್ರ, ವಿವಾಹ ಪ್ರಮಾಣಪತ್ರಗಳಿಗೆ ಇಂಗ್ಲಿಷ್ ಅನುವಾದ ಬೇಕು. ಆಸ್ಟ್ರೇಲಿಯಾಕ್ಕೆ ಸಲ್ಲಿಸುವ, ಭಾರತದಲ್ಲಿ ಮಾಡಿಸಿದ ಅನುವಾದದ ಮೇಲೆ ಅನುವಾದಕರ ಪೂರ್ಣ ಹೆಸರು, ವಿಳಾಸ, ದೂರವಾಣಿ ಸಂಖ್ಯೆ ಮತ್ತು ಭಾಷಾ ಅರ್ಹತೆ ನಮೂದಾಗಿರಬೇಕು.

ಭಾರತದ ಪೊಲೀಸ್ ಪರಿಶೀಲನಾ ಪ್ರಮಾಣಪತ್ರವನ್ನು ಪಾಸ್‌ಪೋರ್ಟ್ ಸೇವಾ ಕೇಂದ್ರದ ಮೂಲಕ ಪಡೆಯಬಹುದು. ಹಿಂದೆ ಕೊಲ್ಲಿ ದೇಶಗಳಲ್ಲಿ ದುಡಿದು ಬಂದವರು, ವಿಶೇಷವಾಗಿ ಕರಾವಳಿ ಜಿಲ್ಲೆಗಳವರು, ಆ ದೇಶದ ಪ್ರಮಾಣಪತ್ರವನ್ನೂ ಒದಗಿಸಬೇಕಾಗುತ್ತದೆ. ಕಳೆದ 10 ವರ್ಷಗಳಲ್ಲಿ ಒಂದು ದೇಶದಲ್ಲಿ ಒಟ್ಟು 12 ತಿಂಗಳು ಇದ್ದರೆ ಆಸ್ಟ್ರೇಲಿಯಾವೂ, ಸತತ 6 ತಿಂಗಳು ಇದ್ದರೆ ಕೆನಡಾವೂ ಇದನ್ನು ಕೇಳುತ್ತವೆ. ದೇಶ ಬಿಟ್ಟು ಬಂದ ಮೇಲೆ ಬೆರಳಚ್ಚು, ರಾಯಭಾರ ಕಚೇರಿಯ ದೃಢೀಕರಣ ಎಂದು ಇದಕ್ಕೆ ತಿಂಗಳುಗಳೇ ಹಿಡಿಯಬಹುದು. ಕೊಲ್ಲಿಯಲ್ಲಿ ಈಗಲೂ ಇರುವವರು ಊರಿಗೆ ಮರಳುವ ಮುನ್ನವೇ ಪಡೆದಿಟ್ಟುಕೊಂಡರೆ ಅಲೆದಾಟ ತಪ್ಪುತ್ತದೆ. ಅದಕ್ಕೆ ಅವಧಿಮಿತಿ ಇರುವುದನ್ನು ಮಾತ್ರ ಮರೆಯಬಾರದು.

ಸಲಹೆಗಾರರು ಮತ್ತು ಮಧ್ಯವರ್ತಿಗಳು

ಎರಡೂ ದೇಶಗಳಿಗೆ ಮಧ್ಯವರ್ತಿಯ ನೆರವಿಲ್ಲದೆ ಸ್ವತಃ ಅರ್ಜಿ ಸಲ್ಲಿಸಬಹುದು. ಸಲಹೆಗಾರರನ್ನು ನೇಮಿಸಿಕೊಂಡರೂ ಅರ್ಜಿಯಲ್ಲಿರುವ ಪ್ರತಿಯೊಂದು ವಿವರಕ್ಕೆ ಅರ್ಜಿದಾರರೇ ಹೊಣೆ. ಏಜೆಂಟರು ಭರ್ತಿ ಮಾಡಿದರು, ತಮಗೆ ತಿಳಿಯದು ಎಂಬ ಸಮಜಾಯಿಷಿಯನ್ನು ಸಾಮಾನ್ಯವಾಗಿ ಮಾನ್ಯ ಮಾಡಲಾಗುವುದಿಲ್ಲ. ಆದುದರಿಂದ ಸ್ಕಿಲ್‌ಸೆಲೆಕ್ಟ್ ಅಥವಾ ಎಕ್ಸ್‌ಪ್ರೆಸ್ ಎಂಟ್ರಿ ಖಾತೆಯ ಗುಪ್ತಪದವು ಅರ್ಜಿದಾರರ ಬಳಿಯೇ ಇರಬೇಕು. ಸಲ್ಲಿಸುವ ಮುನ್ನ ಪ್ರತಿಯೊಂದು ಪುಟವನ್ನೂ ಓದಬೇಕು. ಖಾತೆಯನ್ನು ತೋರಿಸಲು ಒಪ್ಪದ ಏಜೆಂಟರೊಂದಿಗೆ ವ್ಯವಹರಿಸದಿರುವುದು ಕ್ಷೇಮ.

ಅಂಕದ ಲೆಕ್ಕವನ್ನು ತೋರಿಸಿ ವೀಸಾ ಖಾತರಿ ಎಂದು ಬರೆದುಕೊಡುವವರನ್ನು ನಂಬಬಾರದು. ಆಹ್ವಾನದ ಅಂಕ ಎಷ್ಟಾಗುತ್ತದೆ ಎಂಬುದು ಸುತ್ತು ನಡೆಯುವವರೆಗೆ ಯಾರಿಗೂ ತಿಳಿದಿರುವುದಿಲ್ಲ. ಆಸ್ಟ್ರೇಲಿಯಾದ ನೋಂದಾಯಿತ ವಲಸೆ ಏಜೆಂಟರ ಹೆಸರು ಮತ್ತು ಏಳು ಅಂಕಿಗಳ ನೋಂದಣಿ ಸಂಖ್ಯೆಯನ್ನು ಅಲ್ಲಿನ ವಲಸೆ ಏಜೆಂಟರ ನೋಂದಣಿ ಪ್ರಾಧಿಕಾರದ ಕಚೇರಿಯ ಅಂತರ್ಜಾಲ ತಾಣದಲ್ಲಿ ಯಾರು ಬೇಕಾದರೂ ಹುಡುಕಿ ನೋಡಬಹುದು. ಕೆನಡಾದ ಪರವಾನಗಿ ಪಡೆದ ಸಲಹೆಗಾರರ ಪಟ್ಟಿಯು ವಲಸೆ ಮತ್ತು ಪೌರತ್ವ ಸಲಹೆಗಾರರ ಕಾಲೇಜಿನ ತಾಣದಲ್ಲಿ ಲಭ್ಯವಿದೆ. ಮುಂಗಡ ಹಣ ನೀಡುವ ಮೊದಲೇ ಈ ಪಟ್ಟಿಗಳಲ್ಲಿ ಹೆಸರನ್ನು ಖಚಿತಪಡಿಸಿಕೊಂಡು, ಪಾವತಿಸಿದ ಪ್ರತಿ ಮೊತ್ತಕ್ಕೂ ರಸೀದಿ ಪಡೆಯತಕ್ಕದ್ದು.

ಅಂಕಪಟ್ಟಿ, ವೃತ್ತಿಪಟ್ಟಿ ಮತ್ತು ಶುಲ್ಕಗಳನ್ನು ಎರಡೂ ದೇಶಗಳು ಆಗಾಗ್ಗೆ ಪರಿಷ್ಕರಿಸುತ್ತವೆ. ಅರ್ಜಿ ಸಲ್ಲಿಸುವ ದಿನ ಜಾರಿಯಲ್ಲಿರುವ ನಿಯಮಗಳನ್ನು ಆಸ್ಟ್ರೇಲಿಯಾದ ಗೃಹ ವ್ಯವಹಾರಗಳ ಇಲಾಖೆ ಹಾಗೂ ಕೆನಡಾದ ವಲಸೆ, ನಿರಾಶ್ರಿತರು ಮತ್ತು ಪೌರತ್ವ ಇಲಾಖೆಯ ಅಧಿಕೃತ ತಾಣಗಳಲ್ಲಿ ಪರಿಶೀಲಿಸುವುದು.